ಚೌಡರ್ ನೀರಾದ ಬಗೆ

ಮಾರ್ಚ್ 3

ಅತ್ತಿಗೆ,

ಲಕೋಟೆಯ ಮೇಲಿನ ಅಕ್ಷರ ನೋಡಿದ ಕೂಡಲೇ ಯಾರದೆಂದು ಗೊತ್ತಾಗಿರುತ್ತದೆ. ಹರಿದು ಹಾಕುವುದಿದ್ದರೆ ಕೊನೆಯವರೆಗೆ ಓದಿ ಹರಿಯಿರಿ. ಅರ್ಧಕ್ಕೇ ಹರಿದರೆ ಆಮೇಲೆ ಅಂಟಿಸಿ ಓದುವ ಸ್ವಭಾವ ನಿಮ್ಮದು, ನನಗೆ ಗೊತ್ತು.

ಫೋನ್ ಮಾಡಬಹುದಿತ್ತು. ಆದರೆ ನಾವಿಬ್ಬರೂ ಫೋನಿನಲ್ಲಿ ಮಾತಾಡಿದರೆ ಎರಡನೇ ನಿಮಿಷಕ್ಕೆ ಜಗಳ. ಕಾಗದದಲ್ಲಾದರೆ ಜಗಳ ತಲುಪಲಿಕ್ಕೇ ನಾಲ್ಕು ದಿನ ಬೇಕು, ಅಷ್ಟರಲ್ಲಿ ಬಿಸಿ ಆರಿರುತ್ತದೆ.

ವಿಷಯ ಇಷ್ಟು. ಜನವರಿಯಲ್ಲಿ ಅಮ್ಮನಿಗೆ ಪಾರ್ಶ್ವವಾಯು ಹೊಡೆಯಿತು. ಬಲಗೈ, ಬಲಗಾಲು ಹೋದವು. ನಾಲಿಗೆ ಹೊರಳುವುದಿಲ್ಲ, ಎಡಗೈಯಲ್ಲಿ ಸ್ಲೇಟಿನ ಮೇಲೆ ಬರೆಯುತ್ತಾಳೆ. ತಲೆ ಮಾತ್ರ ಮೊದಲಿನ ಹಾಗೇ ಇದೆ, ಕೋಪವೂ ಸೇರಿ. ದೊಡ್ಡ ತೊಂದರೆ ಗಂಟಲಿನದು. ನೀರು ಕುಡಿದರೆ ಹೊಟ್ಟೆಗೆ ಹೋಗುವ ಬದಲು ಶ್ವಾಸಕೋಶಕ್ಕೆ ಹೋಗುತ್ತದೆ. ಆಸ್ಪತ್ರೆಯಿಂದ ವಾರಕ್ಕೆರಡು ಸಲ ಒಬ್ಬಳು ಬರುತ್ತಾಳೆ. ನುಂಗುವುದನ್ನು ಕಲಿಸುವುದೇ ಅವಳ ಕೆಲಸ. ನಾನು ಗಂಟಲು ಟೀಚರ್ ಅನ್ನುತ್ತೇನೆ. ನಾನು ಕಾರು ಓಡಿಸುವುದನ್ನು ಕಲಿಸುತ್ತೇನೆ, ಅವಳು ನುಂಗುವುದನ್ನು ಕಲಿಸುತ್ತಾಳೆ. ಇಬ್ಬರ ವಿದ್ಯಾರ್ಥಿಗಳೂ ತಪ್ಪು ದಾರಿಗೆ ನುಗ್ಗುವವರೇ.

ಅವಳು ಹೇಳುವುದು ಒಂದೇ: ಏನು ಕೊಟ್ಟರೂ ದಪ್ಪಗಿರಬೇಕು, ನುಣ್ಣಗಿರಬೇಕು. ಚಮಚ ಓರೆ ಮಾಡಿದರೆ ಮುದ್ದೆಯಾಗಿ ಜಾರಬೇಕು, ನೀರಾಗಿ ಸುರಿಯಬಾರದು. ಆಸ್ಪತ್ರೆಯವರು ಕೊಟ್ಟ ಪುಡಿ ಕಲಸಿ ಕೊಟ್ಟೆ. ಉಗುಳಿದಳು. ಗೋಡೆಗೆ ಬಳಿಯುವ ಸುಣ್ಣದ ಹಾಗಿದೆಯಂತೆ. ಐವತ್ತೆಂಟು ಕಿಲೋ ಇದ್ದವಳು ನಲವತ್ತಾರಕ್ಕೆ ಇಳಿದಿದ್ದಾಳೆ.

ಮೇ ಇಪ್ಪತ್ತಕ್ಕೆ ಪರೀಕ್ಷೆ. ಇಪ್ಪತ್ತು ನಿಮಿಷದಲ್ಲಿ ಅರ್ಧ ಬಟ್ಟಲು, ಕೆಮ್ಮದೆ ನುಂಗಬೇಕು. ಆಗದಿದ್ದರೆ ಹೊಟ್ಟೆಗೆ ತೂತು ಮಾಡಿ ನಳಿಕೆ ಹಾಕುತ್ತಾರೆ. ಅಮ್ಮ ಸ್ಲೇಟಿನಲ್ಲಿ ಬರೆದಳು: 'ನಳಿಕೆ ಬೇಡ.' ಬೇಡ ಅಂದರೆ ಏನಾಗುತ್ತದೆ, ಎಷ್ಟು ವಾರದಲ್ಲಿ ಆಗುತ್ತದೆ ಎಂದು ಡಾಕ್ಟರು ಬಿಡಿಸಿ ಹೇಳಿದರು. ಅವಳು 'ಬೇಡ'ದ ಕೆಳಗೆ ಒಂದು ಗೀಟು ಎಳೆದಳು.

ಹೋದ ಮಂಗಳವಾರ ಸ್ಲೇಟಿನಲ್ಲಿ ಒಂದೇ ಪದ ಇತ್ತು: 'ಚೌಡರ್.' ಯಾರ ಚೌಡರ್ ಅಂತ ಬರೆದಿರಲಿಲ್ಲ. ಕಪ್ಪೆಚಿಪ್ಪಿನ ಆ ಕೆನೆ ಸೂಪನ್ನು ಈ ಮನೆಯಲ್ಲಿ ಮಾಡುತ್ತಿದ್ದವರು ಒಬ್ಬರೇ.

ಹೇಗೆ ಮಾಡುವುದು ಬರೆದು ಕಳಿಸಿ. ನಾನು ಕೇಳಿದ್ದು ಅಮ್ಮನಿಗೆ ಗೊತ್ತಿಲ್ಲ. ಮೊದಲೆಲ್ಲ ನಿಮ್ಮ ಸುದ್ದಿ ಎತ್ತಿದರೆ ಕೋಣೆ ಬಿಟ್ಟು ಹೋಗುತ್ತಿದ್ದಳು. ಈಗ ಹೋಗಲಾಗುವುದಿಲ್ಲ, ಮುಖ ತಿರುಗಿಸುತ್ತಾಳೆ. ಅಣ್ಣ ಬೇರೆ ಊರಿನಲ್ಲಿದ್ದಾನೆ. ಭಾನುವಾರ ಫೋನ್ ಮಾಡಿ 'ಹೇಗಿದಾಳೆ' ಅಂತ ಕೇಳಿ, ನಾನು ಬಾಯಿ ತೆರೆಯುವುದರೊಳಗೆ 'ಸರಿ ಸರಿ' ಅನ್ನುತ್ತಾನೆ.

ಕಾಗದದ ಮಟ್ಟಿಗಾದರೂ,
ನಿಮ್ಮ ನಾದಿನಿ


ಮಾರ್ಚ್ 12

ನಿಮ್ಮ ಪತ್ರ ತಲುಪಿತು. ನಿಮ್ಮ ತಾಯಿಯವರ ಆರೋಗ್ಯದ ವಿಷಯ ತಿಳಿದು ಬೇಸರವಾಯಿತು. ಕೇಳಿದ್ದನ್ನು ಕೆಳಗೆ ಬರೆದಿದ್ದೇನೆ.

ಬದುಕಿರುವ ಕಪ್ಪೆಚಿಪ್ಪು ಎರಡು ಕಿಲೋ. ಒಡೆದದ್ದು, ತಟ್ಟಿದರೂ ಬಾಯಿ ಮುಚ್ಚದ್ದು ಬೇಡ. ಸಮುದ್ರದಷ್ಟು ಉಪ್ಪಿರುವ ತಣ್ಣೀರಿನಲ್ಲಿ ಎರಡು ಗಂಟೆ ಬಿಡಿ, ಮರಳು ಕಕ್ಕುತ್ತವೆ. ನೀರು ಬದಲಿಸಿ ಇನ್ನೊಂದು ಗಂಟೆ. ಉಜ್ಜಿ ತೊಳೆದು, ಎರಡು ಲೋಟ ನೀರು ಹಾಕಿ, ಮುಚ್ಚಳ ಮುಚ್ಚಿ, ದೊಡ್ಡ ಉರಿಯಲ್ಲಿ ಆರೇಳು ನಿಮಿಷ. ಬಾಯಿ ತೆರೆದದ್ದು ಪಾತ್ರೆಗೆ, ತೆರೆಯದ್ದು ತಿಪ್ಪೆಗೆ. ಬೆಂದ ನೀರು ಚೆಲ್ಲಬೇಡಿ, ರುಚಿಯೆಲ್ಲ ಅದರಲ್ಲೇ. ಬಟ್ಟೆಯಲ್ಲಿ ಸೋಸಿ, ತಳದ ಒಂದು ಬೆರಳು ನೀರು ಬಿಟ್ಟುಬಿಡಿ. ಅದು ಮರಳಿನ ಪಾಲು.

ದಪ್ಪ ತಳದ ಪಾತ್ರೆಯಲ್ಲಿ ಬೆಣ್ಣೆ ಮೂರು ಚಮಚ. ಈರುಳ್ಳಿ ಒಂದು, ಸೆಲರಿ ದಂಟು ಎರಡು, ಸಣ್ಣಗೆ ಹೆಚ್ಚಿದ್ದು. ಬೆಣ್ಣೆ ಕರಗಲಿ, ಈರುಳ್ಳಿ ಬೆವರಲಿ, ಬಣ್ಣ ಮಾತ್ರ ಬದಲಾಗದಿರಲಿ. ಮೈದಾ ಮೂರು ಚಮಚ ಉದುರಿಸಿ, ಹಸಿ ವಾಸನೆ ಹೋಗುವವರೆಗೆ ಕೈ ಬಿಡದೆ ತಿರುವಿ. ಚಿಪ್ಪಿನ ನೀರನ್ನು ಸ್ವಲ್ಪ ಸ್ವಲ್ಪವೇ ಸುರಿದು ಗಂಟಾಗದಂತೆ ಕಲಸಿ. ಆಲೂಗಡ್ಡೆ ಮೂರು, ಸಣ್ಣ ಹೋಳು, ಮೆತ್ತಗಾಗುವವರೆಗೆ ಕುದಿಯಲಿ. ಹಾಲು ಎರಡು ಲೋಟ, ಕೆನೆ ಒಂದು ಲೋಟ, ಬೇರೆ ಬಿಸಿ ಮಾಡಿ ಸೇರಿಸಿ. ಇಲ್ಲಿಂದ ಮುಂದೆ ಕುದಿಸಬಾರದು. ಹಾಲು ಕುದಿದರೆ ಹಾಳು. ಚಿಪ್ಪಿನ ಮಾಂಸ ಕಡೆಯಲ್ಲಿ. ಮೊದಲೇ ಹಾಕಿದರೆ ರಬ್ಬರು.

ತಾಯಿಯವರಿಗೆ ಹೋಳು ಆಗದಿದ್ದರೆ ಎಲ್ಲವನ್ನೂ ಮಿಕ್ಸಿಯಲ್ಲಿ ನುಣ್ಣಗೆ ತಿರುವಿ ಜರಡಿಯಲ್ಲಿ ಸೋಸಿ. ಉಪ್ಪು ಕೊನೆಯಲ್ಲಿ, ನೋಡಿಕೊಂಡು.

ಇಷ್ಟೇ.

ಉತ್ತರ ಬರೆಯುವುದಿದ್ದರೆ ಮೀನು ಡಬ್ಬಿ ಕಾರ್ಖಾನೆಯ ವಿಳಾಸಕ್ಕೆ ಬೇಡ. ಹಿಂಬದಿಯಲ್ಲಿರುವುದು ನನ್ನ ಬಾಡಿಗೆ ಕೋಣೆಯದು.

ಇಂತಿ,
ಬರೆದವಳು


ಮಾರ್ಚ್ 29

ಅತ್ತಿಗೆ,

ಹನ್ನೊಂದು ವರ್ಷ ನನ್ನನ್ನು 'ಏ ಇವಳೇ' ಅಂದವರು ಈಗ 'ನೀವು' ಅಂದಿದ್ದೀರಿ. ಓದಿ ಹಿಂದೆ ಯಾರಾದರೂ ನಿಂತಿದ್ದಾರೋ ಅಂತ ತಿರುಗಿ ನೋಡಿದೆ. ಇರಲಿ.

ಮೂರು ಸಲ ಮಾಡಿದೆ. ಮೀನಿನವನು, 'ಬದುಕಿರೋದು ಬೇಕಾ, ಡಬ್ಬಿದು ಸಾಕಾ ಮೇಡಂ?' ಅಂದ. 'ಬದುಕಿರೋದೇ ಕೊಡಪ್ಪ, ಮನೇಲಿ ಅರ್ಧ ಬದುಕಿರೋರು ಒಬ್ಬರಿದಾರೆ' ಅಂದೆ. ಅವನು ನಗಲಿಲ್ಲ. ನನಗೂ ನಗು ಬರಲಿಲ್ಲ.

ಬೋಗುಣಿಯಲ್ಲಿ ಚಿಪ್ಪುಗಳು ನಾಲಿಗೆ ಚಾಚಿ ಮರಳು ಉಗುಳುತ್ತಿದ್ದವು. ಅಮ್ಮ ಗಾಲಿಕುರ್ಚಿಯಲ್ಲಿ ಕೂತು ನೋಡುತ್ತಿದ್ದವಳು ಸ್ಲೇಟು ಎತ್ತಿದಳು: 'ಅವು ಉಗುಳಿದರೆ ಸರಿ, ನಾನು ಉಗುಳಿದರೆ ತಪ್ಪು?'

ನೀವು ಬರೆದದ್ದನ್ನು ಒಂದಕ್ಷರ ಬಿಡದೆ ಮಾಡಿದೆ. ಒಲೆಯ ಮೇಲಿದ್ದಾಗ ಚಮಚ ಓರೆ ಮಾಡಿದರೆ ಮುದ್ದೆಯಾಗಿ ಜಾರಿತು. ಗಂಟಲು ಟೀಚರ್ ನೋಡಿ, 'ಇದೇ ಹದ, ಇದೇ!' ಅಂದಳು. ಅಮ್ಮ ಮೊದಲನೇ ಚಮಚ ಬಾಯಲ್ಲಿಟ್ಟುಕೊಂಡು ಕಣ್ಣು ಮುಚ್ಚಿದಳು. ನುಂಗಿದಳು. ಎರಡು, ಮೂರು, ನಾಲ್ಕು. ನಾನು ಎಣಿಸುತ್ತಿದ್ದೆ. ಏಳನೆಯದಕ್ಕೆ ಕೆಮ್ಮು ಹತ್ತಿತು. ಬಟ್ಟಲು ನೋಡಿದರೆ ಅಂಚಿನಲ್ಲಿ ನೀರು ಬಿಟ್ಟುಕೊಂಡು ನಿಂತಿದೆ. ಒಲೆಯ ಮೇಲೆ ಮುದ್ದೆ, ಬಟ್ಟಲಿಗೆ ಬಂದರೆ ನೀರು. ಮೂರು ಸಲವೂ ಹೀಗೇ. ಪಾತ್ರೆಯಲ್ಲಿ ಉಳಿದದ್ದೂ ಅರ್ಧ ಗಂಟೆಯಲ್ಲಿ ತೆಳ್ಳಗೆ.

ಏನಾದರೂ ಬಿಟ್ಟುಹೋಗಿದೆಯಾ? ನೆನಪು ಮಾಡಿಕೊಂಡು ಬರೆಯಿರಿ. ಏಳು ಚಮಚ, ಅತ್ತಿಗೆ. ಜನವರಿಯಿಂದ ಅವಳು ಇಷ್ಟಪಟ್ಟು ತಿಂದದ್ದು ಈ ಏಳೇ ಚಮಚ.

ಕಾಯುತ್ತಿರುವ
ನಾದಿನಿ


ಏಪ್ರಿಲ್ 6

ಮೈದಾ ಇನ್ನೊಂದು ಚಮಚ ಜಾಸ್ತಿ ಮಾಡಿ ನೋಡಿ. ಆಲೂಗಡ್ಡೆ ಹಳೆಯದಾಗಿರಲಿ, ಹೊಸದರಲ್ಲಿ ನೀರು ಹೆಚ್ಚು.

ಬಿಟ್ಟುಹೋದದ್ದು ಏನೂ ಇಲ್ಲ.

ಯಾರು ಹೇಳಿಕೊಟ್ಟರೆಂದು ಅವರಿಗೆ ತಿಳಿಸುವ ಅಗತ್ಯವಿಲ್ಲ.

ಇಂತಿ,
ಬರೆದವಳು


ಏಪ್ರಿಲ್ 19

ನೀವು ಏನೋ ಬಿಟ್ಟಿದ್ದೀರಿ.

ಆಸ್ಪತ್ರೆಯ ಮೊಗಸಾಲೆಯಲ್ಲಿ, ಮೊಣಕಾಲ ಮೇಲೆ ಕಾಗದ ಇಟ್ಟುಕೊಂಡು ಬರೆಯುತ್ತಿದ್ದೇನೆ. ಮೈದಾ ಜಾಸ್ತಿ ಮಾಡಿದೆ, ಆಲೂಗಡ್ಡೆ ಹಳೆಯದೇ ತಂದೆ. ಎಂಟು ಚಮಚ ತಿಂದಳು. ಕೆಮ್ಮಲಿಲ್ಲ. ನಾನು ಹಿಗ್ಗಿಹೋದೆ. ಕೆಮ್ಮದೇ ಒಳಗೆ ಇಳಿದದ್ದು ಇನ್ನೂ ಅಪಾಯವಂತೆ. ಮರುದಿನ ಜ್ವರ, ಎದೆಯಲ್ಲಿ ಗೊರಗೊರ. ಶ್ವಾಸಕೋಶದಲ್ಲಿ ಸೋಂಕು. ಐದು ದಿನ ಆಯಿತು. ಮೂಗಿನಿಂದ ತಾತ್ಕಾಲಿಕವಾಗಿ ಒಂದು ನಳಿಕೆ ಹಾಕಿದ್ದಾರೆ. ಡಾಕ್ಟರು ಅಂದರು, 'ಮೇ ಇಪ್ಪತ್ತರ ಪರೀಕ್ಷೆ ಇರಲಿ, ಅದೇ ಕೊನೆ. ಇನ್ನೊಂದು ಸಲ ಹೀಗಾದರೆ ಅವರ ಎದೆ ತಡೆಯಲ್ಲ.'

ಈಗ ನಾನು ಆರು ವರ್ಷದಿಂದ ಹೇಳದ್ದನ್ನು ಹೇಳುತ್ತೇನೆ.

ಅಣ್ಣನ ಆಫೀಸಿನ ಹನ್ನೆರಡು ಜನ ಊಟಕ್ಕೆ ಬಂದ ದಿನ ನೀವು ಇಂಥದೇ ಚೌಡರ್ ಮಾಡಿ ಉರಿ ಆರಿಸಿ ಬೆಚ್ಚಗೆ ಮುಚ್ಚಿಟ್ಟಿದ್ದಿರಿ. ಬಡಿಸುವ ಹೊತ್ತಿಗೆ ಅದು ನೀರಾಗಿತ್ತು. ನೀವು ಅಷ್ಟು ಜನರೆದುರು ಅಮ್ಮನಿಗೆ, 'ನೀವೇ ನೀರು ಸುರಿದಿದ್ದೀರಿ. ನನ್ನ ಮರ್ಯಾದೆ ತೆಗೆಯೋಕೆ ಸುರಿದಿದ್ದೀರಿ. ಇದು ಮೊದಲ ಸಲ ಅಲ್ಲ' ಅಂದಿರಿ. ಅಮ್ಮ, 'ನನ್ನಾಣೆ, ಒಂದು ತೊಟ್ಟೂ ಹಾಕಿಲ್ಲ' ಅಂದಳು. ಅಣ್ಣ, 'ಅಮ್ಮನ ಹತ್ರ ತಪ್ಪಾಯ್ತು ಅನ್ನು, ಇಲ್ಲಾ ಹೊರಡು' ಅಂದ. ನೀವು ಹೊರಟಿರಿ.

ಹೊರಡುವ ಮುಂಚೆ ನನ್ನ ಕಡೆ ತಿರುಗಿ, 'ನೀನು ಬೆಳಗಿಂದ ಅಡುಗೆಮನೆ ಸ್ಟೂಲಿನ ಮೇಲೇ ಕೂತಿದ್ದೆ. ನೀನು ಹೇಳು' ಅಂದಿರಿ. ನಾನು ತಟ್ಟೆ ಒರೆಸುತ್ತ ನಿಂತೆ.

ನಾನು ನೋಡಿದ್ದೆ, ಅತ್ತಿಗೆ. ಅಮ್ಮ ನೀರು ಹಾಕಲಿಲ್ಲ. ಹತ್ತು ಹತ್ತು ನಿಮಿಷಕ್ಕೆ ಬಂದು ಸೌಟಿನಲ್ಲಿ ರುಚಿ ನೋಡಿ ಹೋಗುತ್ತಿದ್ದಳು, ಅಷ್ಟೇ. ಹೇಳಿದ್ದರೆ ನೀವು ಸುಳ್ಳಿ ಆಗುತ್ತಿದ್ದಿರಿ. ಹೇಳದೆ ಅಮ್ಮನನ್ನು ಕಳ್ಳಿ ಮಾಡಿದೆ. ಎರಡೂ ಬೇಡವೆಂದು ಬಾಯಿ ಮುಚ್ಚಿಕೊಂಡರೆ ಮನೆಯೇ ಎರಡಾಯಿತು.

ಈಗ ಕೇಳುತ್ತೇನೆ. ಈ ಮನೆಯಲ್ಲಿ ಅಮ್ಮ ಎದ್ದು ನಿಲ್ಲಲಾರಳು. ನನ್ನ ಪಾತ್ರೆಗೆ ನೀರು ಸುರಿದವರು ಯಾರು? ನಾನು ಒಲೆ ಬಿಟ್ಟು ಕದಲುವುದಿಲ್ಲ. ಉರಿ ಆರಿಸಿದ ಮೇಲೂ, ಅವಳಿಗೆ ಬೆಚ್ಚಗಾಗುವವರೆಗೂ, ಐದೈದು ನಿಮಿಷಕ್ಕೆ ರುಚಿ ನೋಡುತ್ತಾ, ಹದ ನೋಡುತ್ತಾ ಅಲ್ಲೇ ಇರುತ್ತೇನೆ. ಇದಕ್ಕಿಂತ ಜೋಪಾನ ಹೇಗೆ ಮಾಡಲಿ?

ಅಮ್ಮನ ಮೇಲಿನ ಸೇಡನ್ನು ಅಡುಗೆಯಲ್ಲಿ ತೀರಿಸುತ್ತಿದ್ದರೆ, ತೀರಿತು. ನೀವು ಗೆದ್ದಿರಿ. ಈಗ ಆ ಬಿಟ್ಟ ಸಾಲು ಬರೆಯಿರಿ.

ನಾದಿನಿ


ಏಪ್ರಿಲ್ 24

ಏ ಇವಳೇ,

ನೀನು ಬರೆದದ್ದು ಸರಿ. ಬಿಟ್ಟಿದ್ದೇನೆ. ಮೊದಲು ಕೆಲಸದ ಮಾತು, ಬೈಗುಳ ಆಮೇಲೆ.

ಬಾಯಿಗೆ ಹೋದ ಚಮಚ ಪಾತ್ರೆಗೆ ವಾಪಸು ಹೋಗಬಾರದು. ನಿನ್ನ ಬಾಯಿಯದೂ ಅಲ್ಲ, ಅವರ ಬಾಯಿಯದೂ ಅಲ್ಲ. ನೀನು ರುಚಿ ನೋಡಬೇಕೆಂದರೆ ಬೇರೆ ಬಟ್ಟಲಿಗೆ ಬಡಿಸಿಕೊಂಡು, ದೂರ ನಿಂತು ನೋಡು. ಅವರಿಗೆ ಚಿಕ್ಕ ಚಿಕ್ಕ ಕಪ್ಪುಗಳಲ್ಲಿ ನಾಲ್ಕೇ ತುತ್ತಿನಷ್ಟು ಹಾಕು. ಒಂದೊಂದು ತುತ್ತಿಗೂ ಹೊಸ ಚಮಚ. ಮೂರು ಡಜನ್ ಕೊಂಡುಕೋ.

ಎಂಜಲಿಗೆ ಹಿಟ್ಟನ್ನು ಕರಗಿಸುವ ಗುಣ ಇದೆ. ಜೊಲ್ಲುರಸ ಪಿಷ್ಟವನ್ನು ಸಕ್ಕರೆ ಮಾಡುತ್ತದೆ ಅಂತ ಏಳನೇ ಕ್ಲಾಸಿನಲ್ಲಿ ನೀನೂ ಓದಿದ್ದೆ, ನಾನೂ ಓದಿದ್ದೆ. ಪರೀಕ್ಷೆಗೆ ಬರೆದು ಅಂಕ ತಗೊಂಡೆವು, ಅಡುಗೆಮನೆಗೆ ತರಲಿಲ್ಲ. ಕುದಿಯುವಾಗ ಅದರ ಆಟ ನಡೆಯುವುದಿಲ್ಲ. ಉರಿ ಆರಿದ ಮೇಲೆ, ಬೆಚ್ಚಗಿರುವಾಗ, ನೆಕ್ಕಿದ ಚಮಚ ಎರಡು ಸಲ ಅದ್ದಿದರೆ ಸಾಕು. ಮೈದಾ ಎಷ್ಟು ಹಾಕಿದರೂ ಮುಗಿಯಿತು. ನೀನು ಜೋಪಾನ ಮಾಡಿದಷ್ಟೂ ಅದು ನೀರಾಗಿದೆ.

ಇನ್ನು ಬೈಗುಳ, ನನಗೆ.

ಇಲ್ಲಿ ಕಾರ್ಖಾನೆಯಲ್ಲಿ ಮೊದಲ ಮೂರು ವರ್ಷ ಚಿಪ್ಪು ಬಿಡಿಸುವ ಮೇಜಿನಲ್ಲಿದ್ದೆ. ಆಮೇಲೆ ರುಚಿ ನೋಡುವ ಕೋಣೆಗೆ ಹಾಕಿದರು. ಮೊದಲ ದಿನ ನೆಕ್ಕಿದ ಚಮಚವನ್ನು ಸೂಪಿನ ತೊಟ್ಟಿಯ ಕಡೆ ಒಯ್ಯುತ್ತಿದ್ದೆ. ಅಲ್ಲಿನ ಹಿರಿಯಾಕೆ, ನಾವೆಲ್ಲ ನಾಲಿಗೆ ಮೇಡಂ ಅನ್ನುತ್ತೇವೆ, 'ಏಯ್! ಆ ಚಮಚ ಎಲ್ಲಿಗೆ ಹೊರಟಿತು? ಐನೂರು ಡಬ್ಬಿ ನೀರಾಗಬೇಕಾ?' ಅಂತ ಕಿರುಚಿದರು. ಎರಡು ಲೋಟ ಸೂಪು ತಂದು ಮಾಡಿಯೇ ತೋರಿಸಿದರು. ಒಂದರಲ್ಲಿ ನೆಕ್ಕಿದ ಚಮಚ, ಒಂದರಲ್ಲಿ ಶುದ್ಧದ್ದು. ಹತ್ತು ನಿಮಿಷದಲ್ಲಿ ಒಂದು ನೀರಾಯಿತು. ಉಳಿದವರು ಚಪ್ಪಾಳೆ ತಟ್ಟಿದರು. ನಾನು ಕೈ ತೊಳೆಯುವ ನೆಪದಲ್ಲಿ ಹೊರಗೆ ಹೋಗಿ ಅರ್ಧ ಗಂಟೆ ಬರಲಿಲ್ಲ.

ನಿಮ್ಮ ಅಮ್ಮ ನೀರು ಹಾಕಿರಲಿಲ್ಲ. ನನಗೆ ಇದು ಗೊತ್ತಾಗಿ ಮೂರು ವರ್ಷ.

ಮಾರ್ಚಿನಲ್ಲಿ ನಿನಗೆ ಮಾಡುವ ಬಗೆ ಬರೆಯುವಾಗ ಈ ಸಾಲಿನ ಹತ್ತಿರ ಬಂದು ಪೆನ್ನು ನಿಂತಿತು. ಚಮಚ ವಾಪಸು ಹಾಕಬಾರದು ಅಂತ ಬರೆದರೆ ನೀನು ಯಾಕೆ ಅನ್ನುತ್ತೀಯ. ಯಾಕೆ ಅಂತ ಹೇಳಿದರೆ ಆ ದಿನದ ಊಟದ ಮನೆಗೆ ವಾಪಸು ಹೋಗಬೇಕು, ಈ ಸಲ ತಪ್ಪಿತಸ್ಥಳಾಗಿ. ಇಷ್ಟೇ ಅಂತ ಬರೆದು ಮುಗಿಸಿದೆ. ಆಮೇಲೆ ನೀನು 'ಬಟ್ಟಲಿಗೆ ಬಂದರೆ ನೀರು' ಅಂತ ಬರೆದ ಕೂಡಲೇ ಕಾರಣ ತಿಳಿಯಿತು. ತಿಳಿದೂ ಮೈದಾ ಜಾಸ್ತಿ ಮಾಡಿ ಅಂದೆ. ಅವರು ಈಗ ಆಸ್ಪತ್ರೆಯಲ್ಲಿರುವುದು ನನ್ನ ಆ ಒಂದು ಸಾಲಿಗೆ.

ನೀನು ಸ್ಟೂಲಿನ ಮೇಲೆ ಕೂತು ಸುಮ್ಮನಿದ್ದೆ ಅಂತ ಆರು ವರ್ಷ ಹಲ್ಲು ಕಡಿದಿದ್ದೇನೆ. ನಾನು ಕುರ್ಚಿ, ಮೇಜು, ಪೆನ್ನು, ಕಾಗದ ಎಲ್ಲ ಇದ್ದೂ ಸುಮ್ಮನಿದ್ದೆ.

ಅವರಿಗೆ ಹೇಳು. 'ನೀನು ನೀರು ಹಾಕಿರಲಿಲ್ಲ ಅಂತ ಅತ್ತಿಗೆಗೆ ಗೊತ್ತು' ಅಂತ ಹೇಳು.

ಅತ್ತಿಗೆ


ಮೇ 4

ಅತ್ತಿಗೆ,

ನಿಮ್ಮ ಕಾಗದ ಓದಿ ಎರಡು ದಿನ ಉತ್ತರ ಬರೆಯಲಿಲ್ಲ. ಬರೆದಿದ್ದರೆ ಟಪಾಲಿನವನಿಗೂ ಕಿವಿ ಮುಚ್ಚಿಕೊಳ್ಳುವಂತಾಗುತ್ತಿತ್ತು. ಮೂರನೇ ದಿನ ಎರಡು ಬಟ್ಟಲಿಟ್ಟು ನಾನೂ ಮಾಡಿ ನೋಡಿದೆ. ಹತ್ತೇ ನಿಮಿಷ, ಒಂದು ಕೆನೆ, ಒಂದು ಕೆರೆ. ಅದನ್ನು ನೋಡುತ್ತ ನಿಂತಾಗ ನಿಮ್ಮ ಮೇಲಿನ ಕೋಪ ಅರ್ಧ ನನ್ನ ಕಡೆಗೇ ತಿರುಗಿತು. ಒಂದು ತಿಂಗಳು ನನ್ನ ಎಂಜಲಿನಿಂದ ಅವಳ ಗಂಟಲು ಹಿಡಿದಿದ್ದೆ.

ಅಮ್ಮ ಮನೆಗೆ ಬಂದಿದ್ದಾಳೆ. ಮೂಗಿನ ನಳಿಕೆ ಇನ್ನೂ ಇದೆ. ನಲವತ್ತಮೂರು ಕಿಲೋ. ಗಂಟಲು ಟೀಚರ್ ಎದುರಿಗಿದ್ದಾಗ ಮಾತ್ರ ಕೊಡಬಹುದು, ದಿನಕ್ಕೆ ಎರಡೇ ಕಪ್ಪು. ಹೊಸ ಚಮಚ, ಚಿಕ್ಕ ಕಪ್ಪು. ನಿನ್ನೆ ಎಂಟು ತುತ್ತು. ಎಂಟನೆಯದೂ ಮೊದಲನೆಯದಷ್ಟೇ ದಪ್ಪ. ಟೀಚರ್ ಅಂದಳು, 'ಏನ್ರೀ ಮಾಡಿದ್ರಿ?' 'ಬಾಯಿ ಮುಚ್ಚಿಕೊಂಡು ಅಡುಗೆ ಮಾಡಿದೆ' ಅಂದೆ.

ಆದರೆ ಚಮಚ ಇಷ್ಟೊಂದು ಯಾಕೆ ಅಂತ ಅಮ್ಮ ಸ್ಲೇಟಿನಲ್ಲಿ ಕೇಳಿದಳು. ಆಸ್ಪತ್ರೆಯ ನಿಯಮ ಅಂದೆ.

ಹೇಳುವುದಿಲ್ಲ, ಅತ್ತಿಗೆ. ಇಪ್ಪತ್ತನೇ ತಾರೀಖು ಮುಗಿಯುವವರೆಗೆ ಹೇಳುವುದಿಲ್ಲ. ಅವಳಿಗೆ ಈ ಚೌಡರ್ ನಿಮ್ಮದೆಂದು ಖಚಿತವಾದರೆ ಬಾಯಿ ಮುಚ್ಚುತ್ತಾಳೆ. ಅವಳ ಹಟ ನಿಮಗೆ ಗೊತ್ತು. ನಳಿಕೆಗೇ ಬೇಡ ಅಂದವಳು ನಿಮಗೆ ಬೇಡ ಅನ್ನಲಾರಳೇ? ನಿಮ್ಮ ತಪ್ಪೊಪ್ಪಿಗೆಗಿಂತ ನನಗೆ ಅವಳ ಒಂದು ತುತ್ತು ದೊಡ್ಡದು.

ನಾದಿನಿ


ಮೇ 11

ಏ ಇವಳೇ,

ನೀನು ಹೇಳಿದ್ದು ನ್ಯಾಯ. ಯಾವಾಗ ಹೇಳಬೇಕು ಅನ್ನುವುದು ನಿನಗೆ ಬಿಟ್ಟದ್ದು. ಜೊತೆಗೆ ಒಂದು ಚೀಟಿ ಇಟ್ಟಿದ್ದೇನೆ. ಅಂಟಿಸಿಲ್ಲ, ನೀನೂ ಓದು. ಅದನ್ನು ಯಾವತ್ತು ಕೊಟ್ಟರೂ ಸರಿ.

ಪರೀಕ್ಷೆಯ ದಿನ ಚೌಡರನ್ನು ಥರ್ಮಾಸಿಗೆ ಹಾಕುವ ಮುಂಚೆ ಥರ್ಮಾಸಿಗೆ ಕುದಿಯುವ ನೀರು ಹಾಕಿ ಚೆಲ್ಲು. ಗಂಟೆಗಟ್ಟಲೆ ಇಡಬೇಡ. ಕರಿಮೆಣಸು ಬೇಡವೇ ಬೇಡ, ಗಂಟಲು ಕೆರೆಯುತ್ತದೆ.

ಆ ದಿನ ಕಾರ್ಖಾನೆಯಲ್ಲಿ ರಜೆ ಕೇಳಿದ್ದೆ. ಸಿಗಲಿಲ್ಲ. ಸಿಕ್ಕಿದ್ದರೂ ಎಲ್ಲಿ ಕೂರುತ್ತಿದ್ದೆನೋ ಗೊತ್ತಿಲ್ಲ.

ಅತ್ತಿಗೆ


ಮೇ 21

ಅತ್ತಿಗೆ,

ನಿನ್ನೆಯದನ್ನು ಇದ್ದಂತೆಯೇ ಬರೆಯುತ್ತೇನೆ.

ಬೆಳಿಗ್ಗೆ ಒಂಬತ್ತಕ್ಕೆ ಮೂಗಿನ ನಳಿಕೆ ತೆಗೆದರು. ಹತ್ತಕ್ಕೆ ಒಂದು ಸಣ್ಣ ಕೋಣೆಯಲ್ಲಿ ಕೂರಿಸಿದರು. ಹಸಿರು ಗೋಡೆ, ಒಂದು ಮೇಜು, ಗೋಡೆ ಗಡಿಯಾರ. ಅಮ್ಮನ ಬೆರಳಿಗೆ ಉಸಿರು ಅಳೆಯುವ ಕ್ಲಿಪ್ಪು. ಗಂಟಲು ಟೀಚರ್ ಒಂದು ಪಕ್ಕ, ಸ್ಟೆತಾಸ್ಕೋಪು ಗಂಟಲಿಗೆ ಹಿಡಿದು. ಡಾಕ್ಟರು ಎದುರಿಗೆ, ಕೈಯಲ್ಲಿ ಫೈಲು. ನಾನು ಆರು ಕಪ್ಪು ಸಾಲಾಗಿ ಇಟ್ಟೆ, ಚಮಚದ ಕಟ್ಟು ಬಿಚ್ಚಿದೆ. ಡಾಕ್ಟರು, 'ಏನಮ್ಮಾ, ಹೋಟೆಲ್ ಇಡ್ತೀರಾ?' ಅಂದರು.

ಮೊದಲ ಕಪ್ಪು ಎರಡೇ ನಿಮಿಷ. ಎರಡನೆಯದರಲ್ಲಿ ಒಂದು ಸಲ ತಡೆದಳು. ಟೀಚರ್ ಕೈ ಎತ್ತಿದಳು, ಅಷ್ಟರಲ್ಲಿ ತುತ್ತು ಇಳಿಯಿತು. ಮೂರು. ನಾಲ್ಕು. ಹತ್ತು ನಿಮಿಷ ಆಗಿತ್ತು. ಎಲ್ಲಾ ಸರಿಯಾಗಿ ಹೋಗುತ್ತಿತ್ತು.

ಆಗ ಅಮ್ಮ ಸ್ಲೇಟು ಕೇಳಿದಳು. ಎಡಗೈಯಲ್ಲಿ ನಿಧಾನಕ್ಕೆ ಒಂದೇ ಪದ ಬರೆದು ನನ್ನ ಕಡೆ ತಿರುಗಿಸಿದಳು.

'ಅವಳದಾ?'

ಡಾಕ್ಟರು, 'ಯಾರು ಅವಳು?' ಅಂದರು. ಅಮ್ಮ ಅವರ ಕಡೆ ನೋಡಲೇ ಇಲ್ಲ. ನನ್ನನ್ನೇ ನೋಡುತ್ತಿದ್ದಳು. ಇನ್ನೆರಡು ಕಪ್ಪು, ಹತ್ತು ನಿಮಿಷ. 'ಅಲ್ಲಮ್ಮ, ನಂದೇ' ಅಂದರೆ ಮುಗಿಯುತ್ತಿತ್ತು. ನಾಲಿಗೆಯ ತುದಿಗೆ ಬಂದಿತ್ತು. ಆದರೆ ಅವಳು ಕೇಳುತ್ತಿದ್ದದ್ದು ಅನುಮಾನದಿಂದಲ್ಲ, ಗೊತ್ತಿದ್ದೇ. ಅವಳ ಬಾಯಿಗೆ ಗೊತ್ತಾಗಿತ್ತು. ಸುಳ್ಳು ಹೇಳಿದರೆ ಮತ್ತೆ ನಾನು ತಟ್ಟೆ ಒರೆಸುತ್ತ ನಿಂತ ಹಾಗೆಯೇ.

'ಅತ್ತಿಗೇದೇ ಅಮ್ಮ' ಅಂದೆ.

ಬಾಯಿ ಮುಚ್ಚಿದಳು. ತುಟಿ ಬಿಗಿಯಿತು. ಟೀಚರ್ ಚಮಚ ಹತ್ತಿರ ತಂದಳು, ಅಮ್ಮ ಮುಖ ತಿರುಗಿಸಿದಳು. 'ಅಮ್ಮಾ, ಇನ್ನೆರಡೇ' ಅಂದಳು ಟೀಚರ್. ಇಲ್ಲ. ಡಾಕ್ಟರು ಗಡಿಯಾರ ನೋಡಿದರು.

ಪರ್ಸಿನಿಂದ ನಿಮ್ಮ ಚೀಟಿ ತೆಗೆದು ಗಟ್ಟಿಯಾಗಿ ಓದಿದೆ. 'ನೀವು ನೀರು ಹಾಕಿರಲಿಲ್ಲ. ರುಚಿ ನೋಡಿದ ಸೌಟು ವಾಪಸು ಹೋದದ್ದಕ್ಕೆ ಅದು ನೀರಾಯಿತು. ನಿಮಗೂ ಗೊತ್ತಿರಲಿಲ್ಲ, ನನಗೂ ಗೊತ್ತಿರಲಿಲ್ಲ. ಹನ್ನೆರಡು ಜನರೆದುರು ಆಡಿದ್ದು ನನ್ನ ತಪ್ಪು. ಗೊತ್ತಾಗಿ ಮೂರು ವರ್ಷ ಸುಮ್ಮನಿದ್ದದ್ದು ಅದಕ್ಕಿಂತ ದೊಡ್ಡ ತಪ್ಪು.' ಆಮೇಲೆ ನನ್ನದೂ ಸೇರಿಸಿದೆ. 'ನಾನು ನೋಡಿದ್ದೆ ಅಮ್ಮ. ನೀನು ಹಾಕಲಿಲ್ಲ ಅಂತ ಅವತ್ತೇ ಹೇಳಬೇಕಿತ್ತು. ಹೇಳಲಿಲ್ಲ.'

ಅಮ್ಮ ಚೀಟಿ ಇಸಿದುಕೊಂಡು ತಾನೇ ಓದಿದಳು. ಒಂದು ಸಲ, ಎರಡು ಸಲ. ಐದು ನಿಮಿಷ ಉಳಿದಿತ್ತು. 'ಬರೆದುಬಿಡ್ಲಾ?' ಅಂತ ಡಾಕ್ಟರು ಪೆನ್ನಿನ ಕ್ಯಾಪು ತೆಗೆದರು. 'ಒಂದು ನಿಮಿಷ ಸಾರ್' ಅಂದಳು ಟೀಚರ್.

ಅಮ್ಮ ಕೈ ಚಾಚಿ ಟೀಚರ್ ಕೈಯಿಂದ ಚಮಚ ತೆಗೆದುಕೊಂಡಳು. ತಾನೇ ಐದನೇ ಕಪ್ಪಿಗೆ ಅದ್ದಿ, ತಾನೇ ಬಾಯಿಗಿಟ್ಟುಕೊಂಡಳು. ನುಂಗಿದಳು. ಆಮೇಲೆ ಅರವತ್ತು ವರ್ಷದ ಅಭ್ಯಾಸ, ಚಮಚ ನೆಟ್ಟಗೆ ಕಪ್ಪಿನ ಕಡೆಗೇ ಹೊರಟಿತು. ಅಂಚಿನಲ್ಲಿ ನಿಂತಿತು. ಅವಳು ಆ ಚಮಚವನ್ನೇ ನೋಡಿದಳು. ಪಕ್ಕದ ತಟ್ಟೆಯಲ್ಲಿ ಇಟ್ಟು, ಹೊಸದಕ್ಕೆ ನನ್ನ ಮುಂದೆ ಕೈ ಹಿಡಿದಳು.

ಇನ್ನೂ ಏಳು ಚಮಚ ಕೊಟ್ಟೆ, ಒಂದಾದ ಮೇಲೊಂದು. ಹತ್ತೊಂಬತ್ತೂವರೆ ನಿಮಿಷ. ಡಾಕ್ಟರು ಫೈಲಿನಲ್ಲಿ ಬರೆದದ್ದನ್ನು ನಾನು ತಲೆಕೆಳಗಾಗಿ ಓದಿದೆ: ಸದ್ಯ ನಳಿಕೆ ಅಗತ್ಯವಿಲ್ಲ.

ಕಾರಿನಲ್ಲಿ ಮನೆಗೆ ಬರುವಾಗ ಹಿಂದಿನ ಸೀಟಿನಲ್ಲಿ ಸ್ಲೇಟಿನ ಸದ್ದು ಕೇಳುತ್ತಿತ್ತು. ಬರೆಯುವುದು, ಅಳಿಸುವುದು. ಕಲಿಸುವವಳು ನಾನು, ಎರಡು ಸಲ ಗೇರು ತಪ್ಪಿದೆ. ಮನೆಯ ಮುಂದೆ ನಿಲ್ಲಿಸಿದಾಗ ತೋರಿಸಿದಳು. ಸಂತೋಷದ ಮಾತು ಬರೆದಿದ್ದಾಳೆ ಅಂದುಕೊಂಡೆ. ಅವಳು ಬರೆದದ್ದನ್ನು ಹಾಗೇ ಇಳಿಸುತ್ತಿದ್ದೇನೆ, ಇದು ನಿಮಗೆ:

'ಮೂರು ವರ್ಷ ಯಾಕೆ?'

ಉತ್ತರ ಬರುವವರೆಗೆ ಸ್ಲೇಟು ಒರೆಸಲು ಬಿಡುವುದಿಲ್ಲವಂತೆ. ಬೇರೆ ಏನು ಬೇಕಾದರೂ ಬೆರಳು ತೋರಿಸಿ ಕೇಳುತ್ತಿದ್ದಾಳೆ.

ನಿಮ್ಮ ನಾದಿನಿ


ಮೇ 28

ಅತ್ತೆಯವರಿಗೆ,

ಮೂರು ವರ್ಷ ಯಾಕೆ ಅಂತ ಕೇಳಿದ್ದೀರಿ. ನಾಲ್ಕು ಸಲ ಉತ್ತರ ಬರೆದು ಹರಿದೆ. ಒಂದರಲ್ಲಿ ಕೆಲಸ ಜಾಸ್ತಿ ಅಂದಿದ್ದೆ. ಒಂದರಲ್ಲಿ ಧೈರ್ಯ ಬರಲಿಲ್ಲ ಅಂದಿದ್ದೆ, ಅದು ಕೇಳಲು ಚೆನ್ನಾಗಿತ್ತು, ನಿಜವಾಗಿರಲಿಲ್ಲ.

ಆ ಮನೆಯಿಂದ ಹೊರಡುವಾಗ ನಾನು ತಂದದ್ದು ಎರಡು ಚೀಲ, ಒಂದು ನ್ಯಾಯ. ಚೀಲ ಎರಡೂ ಹರಿದುಹೋದವು. ಹನ್ನೊಂದು ವರ್ಷದ ಸಂಸಾರದಲ್ಲಿ ನನ್ನ ಕೈಯಲ್ಲಿ ಉಳಿದದ್ದು 'ನಾನೇ ಸರಿ, ಅವರೇ ತಪ್ಪು' ಅನ್ನುವ ಅದೊಂದೇ. ಅದನ್ನು ಹಿಡಿದುಕೊಂಡೇ ಈ ಕೋಣೆಯಲ್ಲಿ ಬೆಳಿಗ್ಗೆ ಏಳುತ್ತಿದ್ದೆ. ಅದೂ ನನ್ನದಲ್ಲ, ನಿಮ್ಮದು ಅಂತ ಗೊತ್ತಾಯಿತು. ವಾಪಸು ಕೊಟ್ಟರೆ ಬರಿಗೈ ಆಗುತ್ತೇನೆ ಅನ್ನಿಸಿತು. ನಿಮ್ಮದನ್ನು ನಿಮಗೆ ಕೊಡದೆ ಮೂರು ವರ್ಷ ಇಟ್ಟುಕೊಂಡೆ. ಇದಕ್ಕಿಂತ ಒಳ್ಳೆಯ ಕಾರಣ ಇಲ್ಲ. ಇದ್ದಿದ್ದರೆ ಮೊದಲೇ ಬರೆಯುತ್ತಿದ್ದೆ.

ಭಾನುವಾರ ಹನ್ನೊಂದರ ಬಸ್ಸಿಗೆ ಬರುತ್ತೇನೆ. ನಿಮ್ಮ ಮಗನಿಗೆ ಹೇಳುವುದು ಬೇಡ, ನಾನು ಬರುವುದು ನಿಮ್ಮ ಹತ್ತಿರ. ನೋಡುವ ಮನಸ್ಸಿಲ್ಲದಿದ್ದರೆ ನಿಮ್ಮ ಮಗಳನ್ನು ಬಸ್ ನಿಲ್ದಾಣಕ್ಕೆ ಕಳಿಸಿ, ಬೇಡ ಅಂತ ಹೇಳಿಸಿ. ನಾನು ಕೋಪ ಮಾಡಿಕೊಳ್ಳುವುದಿಲ್ಲ. ಬಸ್ಸು ಅಲ್ಲಿ ಅರ್ಧ ಗಂಟೆ ನಿಂತು ಹಿಂದಿರುಗುತ್ತದಂತೆ. ವಿಚಾರಿಸಿದ್ದೇನೆ.

ನಿಮ್ಮ ಸೊಸೆಯಾಗಿದ್ದವಳು